ಎಂಟನೆಯ ಅಧ್ಯಾಯದ ಏಳು ಖಾಲಿ ಜಾಗಗಳು

ಮಾಷ್ಟ್ರೇ,

ಕ್ಷೇಮವೇ ಎಂದು ಕೇಳುವಂತಿಲ್ಲ. ನಾನು ಕ್ಷೇಮ ಎಂದು ಬರೆಯುವ ಮನಸ್ಸೂ ಇಲ್ಲ. ನೇರವಾಗಿ ಜಗಳಕ್ಕೇ ಬರುತ್ತೇನೆ. ನೀವಿದ್ದಾಗ ನಿಮ್ಮೆದುರು ತಲೆಯೆತ್ತಿ ಮಾತಾಡದವಳು ಈಗ ಜಗಳಕ್ಕೆ ಬಂದಿದ್ದಾಳೆಂದರೆ ನಿಮಗೆ ನಗು ಬರಬಹುದು. ನಗಿ. ನಿಮ್ಮ ಪುಸ್ತಕದ ಎಂಟನೆಯ ಅಧ್ಯಾಯ ಹಾಳಾಗಿ ಕೂತಿದೆ, ಅದಕ್ಕೆ ನಾವಿಬ್ಬರೂ ಕಾರಣ.

ನಿಮ್ಮ ಪುಸ್ತಕ ಟೈಪು ಮಾಡಿಕೊಡಲು ನಾನು ಬಂದ ಮೊದಲ ಶನಿವಾರ ನೆನಪಿದೆಯೇ? ಎರ್ನಾಕುಲಂನಿಂದ ಹೊರಟ ರೈಲು ಒಂದೂವರೆ ಗಂಟೆ ತಡವಾಗಿ ತಿರುವನಂತಪುರ ಮುಟ್ಟಿತ್ತು. ಮನೆಯ ಗೇಟಿನ ಹತ್ತಿರವೇ ಕಾಯುತ್ತಿದ್ದ ನೀವು, "ಎಂತ ಜುಬೈದಾ, ಇದು ಆಸ್ಟ್ರಿಯಾದವರ ರೈಲಾ?" ಎಂದಿರಿ. ನನಗೆ ಆ ತಮಾಷೆ ಹತ್ತಲಿಲ್ಲ. ಕಾಸರಗೋಡಿನಲ್ಲಿ ಕನ್ನಡ ಎಂ.ಎ. ಮುಗಿಸಿ, ಎರ್ನಾಕುಲಂ ಪಕ್ಕದ ಕಾಕ್ಕನಾಡಿನ ಕಂಪನಿಯೊಂದರಲ್ಲಿ ಅನುವಾದಗಳ ತಪ್ಪು ತಿದ್ದುತ್ತಿದ್ದ ನನಗೆ ಮೊದಲ ಮಹಾಯುದ್ಧವೆಂದರೆ ಶಾಲೆಯ ಐದು ಅಂಕದ ಪ್ರಶ್ನೆ. ನಮ್ಮೂರಿನವರೇ ಆದ ನೀವು ತಿರುವನಂತಪುರದ ಕಾಲೇಜಿನಲ್ಲಿ ಮೂವತ್ತು ವರ್ಷ ಇಂಗ್ಲಿಷಿನಲ್ಲಿ ಚರಿತ್ರೆ ಕಲಿಸಿ, ನಿವೃತ್ತರಾದ ಮೇಲೆ ಜರ್ಮನಿ ಮತ್ತು ಆಸ್ಟ್ರಿಯಾ-ಹಂಗೆರಿ ಎಂಬ ಎರಡು ಮಿತ್ರ ಸಾಮ್ರಾಜ್ಯಗಳ ಸೇನೆಗಳ ಬಗ್ಗೆ ಕನ್ನಡದಲ್ಲಿ ಬರೆಯುತ್ತಿದ್ದಿರಿ. ಇದನ್ನು ಕನ್ನಡದಲ್ಲಿ ಯಾರು ಓದುತ್ತಾರೆ ಎಂದು ಕೇಳಬೇಕೆನಿಸಿತ್ತು. ಕೇಳಲಿಲ್ಲ.

ಹಳೆಯ ಉತ್ತರಪತ್ರಿಕೆಗಳ ಖಾಲಿ ಬೆನ್ನಿನಲ್ಲಿ ಬರೆದ ಮೊದಲ ಕಟ್ಟನ್ನು ನೀವು ನನ್ನ ಕೈಗಿತ್ತಿರಿ. ನಾನು ಅದನ್ನು ಆಫೀಸಿನಲ್ಲಿ, ಊಟದ ಬಿಡುವಿನಲ್ಲಿ ಟೈಪು ಮಾಡಬೇಕು. ಮುದ್ರಿತ ಪ್ರತಿ, ಕೈಬರಹ ಎರಡನ್ನೂ ತಂದೊಪ್ಪಿಸಬೇಕು. ನೀವು ತಿದ್ದಿ "ಸರಿಯಾಗಿದೆ" ಎಂದ ಕೂಡಲೇ ಕೈಬರಹ ಬಚ್ಚಲೊಲೆಗೆ. "ಎರಡು ಪ್ರತಿ ಇಟ್ರೆ ಎರಡು ಸತ್ಯ ಆಗ್ತದೆ" ಎನ್ನುತ್ತಿದ್ದಿರಿ. ನಿಮ್ಮ ಮಲಯಾಳಿ ಹೆಂಡತಿ, ನಮ್ಮ ಟೀಚರ್, ಬಚ್ಚಲಿನಿಂದ ಕೂಗುತ್ತಿದ್ದರು: "ಇವತ್ತು ನೀರಿಗೆ ಜರ್ಮನಿ ಹಾಕಿದ್ದೇನೆ, ಬೇಗ ಸ್ನಾನಕ್ಕೆ ಬನ್ನಿ!"

ಊಟದ ತಟ್ಟೆಯ ಮುಂದೆ ನೀವು ಆಸ್ಟ್ರಿಯಾದ ಅಧಿಕಾರಿಗಳ ಕಥೆ ಹೇಳಿದ್ದಿರಿ. ಹತ್ತಾರು ಭಾಷೆಯವರ ಸೇನೆ ಅದು. ಅಧಿಕಾರಿಯಾದವನು ತನ್ನ ಪಡೆಯವರ ಭಾಷೆ ಕಲಿಯಲೇಬೇಕಿತ್ತು. "ಆಜ್ಞೆ ಕೊಡ್ಲಿಕ್ಕೆ ಎಂಬತ್ತು ಜರ್ಮನ್ ಶಬ್ದ ಸಾಕು ಮಾರಾಯ್ತಿ. ಆದ್ರೆ ಎಲ್ಲಿ ನೋವು ಅಂತ ಕೇಳ್ಲಿಕ್ಕೆ ಅವನ ಭಾಷೆಯೇ ಬೇಕು." ಹಾಗೆ ಕಲಿತವರಲ್ಲಿ ಹೆಚ್ಚಿನವರು ಯುದ್ಧದ ಮೊದಲ ತಿಂಗಳುಗಳಲ್ಲೇ ಸತ್ತರು, ಆಮೇಲೆ ಬಂದವರಿಗೆ ಕೇಳಲು ಬರುತ್ತಿರಲಿಲ್ಲ ಎಂದಿರಿ. ಸೋಮವಾರ ಆಫೀಸಿಗೆಂದು ಪಾಲಾರಿವಟ್ಟಂನಿಂದ ಬಸ್ಸು ಹತ್ತಿದವಳು ನನಗೆ ಗೊತ್ತಿರುವ ಮಲಯಾಳಂ ಶಬ್ದಗಳನ್ನು ಎಣಿಸಿದೆ. ಎಂಬತ್ತು ದಾಟಿತು. ಆದರೂ ಕಂಡಕ್ಟರನ ಹತ್ತಿರ ನನ್ನ ಸ್ಟಾಪು ಬಂತೇ ಎಂದು ಕೇಳದೆ ಎರಡು ಸ್ಟಾಪು ಮುಂದೆ ಹೋಗಿ ಇಳಿದೆ.

ಮೂರನೆಯ ಅಧ್ಯಾಯದ ದಿನ ನಿಮಗೆ ಸಿಟ್ಟು ಬಂದಿತ್ತು. ಯುದ್ಧಕ್ಕೆ ಮೊದಲು ಎರಡು ಸೇನೆಗಳ ಮುಖ್ಯಸ್ಥರು ವರ್ಷಗಟ್ಟಲೆ ಪತ್ರ ಬರೆದುಕೊಂಡರು. ಎಲ್ಲ ಮರ್ಯಾದೆಯ ಮಾತು. ಜರ್ಮನಿಯವನ ಲೆಕ್ಕದಲ್ಲಿ ಫ್ರಾನ್ಸ್ ಮೊದಲು. ಆಸ್ಟ್ರಿಯಾದವನ ಕಣ್ಣು ಸರ್ಬಿಯಾದ ಮೇಲೆ. ರಷ್ಯಾವನ್ನು ತಡೆಯುವ ಭಾರ ಮಿತ್ರನೇ ಹೊರುತ್ತಾನೆ ಎಂದು ಇಬ್ಬರೂ ನಂಬಿದ್ದರು. "ಬಾಯಿಬಿಟ್ಟು ಕೇಳಿದ್ರೆ ಆಗ್ತಿತ್ತಲ್ಲ ಈ ಮೂರ್ಖರಿಗೆ!" ಎಂದು ಮೇಜು ಗುದ್ದಿದಿರಿ. ಲೋಟದ ಚಹಾ ಚೆಲ್ಲಿತು. ಹಾಗೆ ಗುದ್ದಿದವರು ನೀವೇ ತಾನೇ?

ಒಂಬತ್ತನ್ನು ಮೊದಲೇ ಬರೆದು ಮುಗಿಸಿ, ಎಂಟನ್ನು ಕೊನೆಗೆ ಉಳಿಸಿಕೊಂಡಿದ್ದಿರಿ. ಎಂಟನೆಯ ಕಟ್ಟು ಕೈಗೆ ಬಂದಾಗ ನಿಮ್ಮ ಕಣ್ಣಿನ ಪೊರೆ ಬಲಿತಿತ್ತು. ಏಳು ಕಡೆ ಅಕ್ಷರಗಳು ಸಾಲಿನಿಂದ ಜಾರಿ ಒಂದರ ಮೇಲೊಂದು ಬಿದ್ದಿದ್ದವು. ಆ ಏಳೂ ಜಾಗವನ್ನು ಖಾಲಿ ಬಿಟ್ಟು ಟೈಪು ಮಾಡಿದೆ. ಅಂಚಿನಲ್ಲಿ ಪೆನ್ಸಿಲಿನಿಂದ ಒಂದೊಂದು ಪ್ರಶ್ನೆಚಿಹ್ನೆ ಹಾಕಿದೆ, ಇರುವೆ ಕಾಲಿನಷ್ಟು ಸಣ್ಣದು. ನಿಮ್ಮ ಬರಹ ಓದಲಾಗುತ್ತಿಲ್ಲ ಎಂದು ನಿಮ್ಮ ಮುಖ ನೋಡಿ ಹೇಗೆ ಹೇಳಲಿ? ಮುಂದಿನ ಶನಿವಾರ ನೀವು ಪ್ರತಿ ತಿರುಗಿಸಿ ಕೊಟ್ಟು "ಸರಿಯಾಗಿದೆ" ಎಂದಿರಿ. ಖಾಲಿ ಜಾಗ ಹಾಗೆಯೇ ಇತ್ತು. ಆಮೇಲೆ ತುಂಬುತ್ತಾರೇನೋ ಎಂದುಕೊಂಡೆ. ಅದರ ಮುಂದಿನ ಶನಿವಾರವೂ ಹಾಗೇ ಅಂದುಕೊಂಡೆ. ಮತ್ತೊಂದು ಶನಿವಾರಕ್ಕೆ ನೀವೇ ಇರಲಿಲ್ಲ.

ಎರಡು ತಿಂಗಳ ಹಿಂದೆ ಟೀಚರ್ ಹತ್ತಿರ ಕೊನೆಗೂ ಕೇಳಿದೆ, ನಿಮಗೆ ಆ ಪೆನ್ಸಿಲ್ ಗುರುತು ಕಾಣಲಿಲ್ಲವೇ ಎಂದು.

"ಕಂಡಿತ್ತು ಮೋಳೇ. ಭೂತಗನ್ನಡಿ ಹಿಡ್ಕೊಂಡು ಎಣಿಸಿದ್ದರು. ಏಳು ಉಂಟು ಅಂದರು. ಈ ಹುಡುಗಿ ಬಾಯಿಬಿಟ್ಟು ಕೇಳ್ಲಿ, ಅಲ್ಲಿವರೆಗೆ ಹೇಳೋದಿಲ್ಲ ಅಂತ ಹಠ."

"ಮತ್ತೆ ಕೈಬರಹ?"

"ಸರಿಯಾಗಿದೆ ಅಂದ ಕಟ್ಟು ಅಲ್ಲವಾ? ನಾನು ಒಲೆಗೆ ಹಾಕಿದೆ." ಅವರ ಮುಖ ಬಾಡಿತು. "ತೆಗೆದಿಡು ಅಂತ ಅವರು ಹೇಳ್ಲಿಲ್ಲ. ನೀನೂ ಹೇಳ್ಲಿಲ್ಲ ಮಗಳೇ."

ಇದೇನು ಮಾಷ್ಟ್ರೇ? ನನ್ನ ನಾಚಿಕೆ ಬಿಡಿಸಲು ನಿಮಗೆ ಸಿಕ್ಕಿದ್ದು ಎಂಟನೆಯ ಅಧ್ಯಾಯವೇ? ಯುದ್ಧದ ಮೊದಲ ವಾರಗಳ ಕಥೆ, ಇಡೀ ಪುಸ್ತಕ ಅದರ ಮೇಲೆ ನಿಂತಿದೆ ಎಂದವರು ನೀವೇ. ನಿಮ್ಮ ಮೇಲೆ ಬಂದ ಸಿಟ್ಟು ರೈಲಿನಲ್ಲಿ ಆಲಪ್ಪುಳ ದಾಟುವಷ್ಟರಲ್ಲಿ ನನ್ನ ಮೇಲೆಯೇ ತಿರುಗಿತ್ತು.

ಅದರ ಮರುವಾರ ಮಂಗಳೂರಿನಿಂದ ಪ್ರಕಾಶಕರ ಫೋನು ಬಂತು. "ಎಂಟು ಬಿಟ್ಟುಬಿಡುವ. ಒಂಬತ್ತನ್ನೇ ಎಂಟು ಮಾಡಿದ್ರಾಯ್ತು. ಯಾರು ಎಣಿಸ್ಲಿಕ್ಕೆ ಹೋಗ್ತಾರೆ?" ಆಯ್ತು ಎನ್ನುವ ಮಾತು ಅಭ್ಯಾಸಬಲದಿಂದ ನಾಲಿಗೆಯ ತುದಿಗೆ ಬಂದೇಬಿಟ್ಟಿತ್ತು. "ಇಲ್ಲ" ಎಂದೆ. ಅವರಿಗೆ ಕೇಳಿಸಲಿಲ್ಲವೇನೋ, ಹಲೋ ಹಲೋ ಎಂದರು. "ಇಲ್ಲ, ಎಂಟು ಇಲ್ಲದಿದ್ರೆ ಪುಸ್ತಕವೇ ಬೇಡ!" ಆಫೀಸಿನಲ್ಲಿ ಅಕ್ಕಪಕ್ಕದವರು ಕುರ್ಚಿ ತಿರುಗಿಸಿ ನೋಡಿದರು.

ಆ ಶನಿವಾರವೇ ತಿರುವನಂತಪುರದಲ್ಲಿ ನೀವು ಹೋಗುತ್ತಿದ್ದ ಗ್ರಂಥಾಲಯಕ್ಕೆ ಹೋದೆ. ನನ್ನ ಹರಕು ಮಲಯಾಳಂನಲ್ಲಿ, ಮಾಷ್ಟ್ರು ಓದಿದ ಪುಸ್ತಕಗಳನ್ನೆಲ್ಲ ತೋರಿಸಿ ಎಂದು ಕೇಳಿದೆ. ನಾಲ್ಕು ವಾರ ಕೂತು ನಾಲ್ಕು ಖಾಲಿ ಜಾಗ ತುಂಬಿದೆ. ಒಂದು ರೈಲಿನದು. ಸರ್ಬಿಯಾದ ಕಡೆ ಹೊರಟಿದ್ದ ಆಸ್ಟ್ರಿಯಾದ ಸೇನೆಯನ್ನು ರಷ್ಯಾದ ಕಡೆ ತಿರುಗಿಸಿ ಎಂದಾಗ, ದಾರಿ ಮಧ್ಯದಲ್ಲಿ ಆಗದು, ಮೊದಲು ಸರ್ಬಿಯಾದ ಗಡಿಗೇ ಹೋಗಿ ಇಳಿದು ಮತ್ತೆ ಹತ್ತಿ ಎಂದರಂತೆ ರೈಲಿನವರು. ನಿಮ್ಮ ಮೊದಲ ದಿನದ ತಮಾಷೆ ಆಗ ಅರ್ಥವಾಯಿತು. ಒಬ್ಬಳೇ ನಕ್ಕೆ. ಆಮೇಲೆ ನಗಲಾಗಲಿಲ್ಲ.

ಉಳಿದ ಮೂರು ಯಾವ ಪುಸ್ತಕದಲ್ಲೂ ಸಿಗುವಂಥವಲ್ಲ, ನಿಮ್ಮ ಅಭಿಪ್ರಾಯಗಳು. ಅಧ್ಯಾಯದ ಕೊನೆಯ ಸಾಲು ಹೀಗಿದೆ: "ಇಷ್ಟೆಲ್ಲ ಆದ ಮೇಲೂ ಮಿತ್ರರಿಬ್ಬರೂ ಜೊತೆ ಬಿಡಲಿಲ್ಲ, ಯಾಕೆಂದರೆ". ಅಲ್ಲಿಂದ ಮುಂದೆ ನಿಮ್ಮ ಅಕ್ಷರ ಜಾರಿಬಿದ್ದಿತ್ತು. ಅದನ್ನು ನಾನು ತುಂಬಿಲ್ಲ. ಮೂರೂ ಖಾಲಿಯಾಗಿಯೇ ಅಚ್ಚಾಗುತ್ತವೆ. ಒಂದೊಂದರ ಪಕ್ಕದಲ್ಲೂ ದಪ್ಪನೆಯ, ಕಪ್ಪು ಶಾಯಿಯ ಪ್ರಶ್ನೆಚಿಹ್ನೆ ಇರುತ್ತದೆ. ಪ್ರಕಾಶಕರು ಗೊಣಗುತ್ತಲೇ ಒಪ್ಪಿದ್ದಾರೆ.

ಬಾಯಿಬಿಟ್ಟು ಕೇಳಲಿ ಎಂದಿದ್ದಿರಲ್ಲ. ಕೇಳುತ್ತಿದ್ದೇನೆ ಮಾಷ್ಟ್ರೇ. ಯಾಕೆ ಬಿಡಲಿಲ್ಲ?

ನಿಮ್ಮ
ಜುಬೈದಾ