ಮುಖಂಡನ ಕುರ್ಚಿ

ತಮ್ಮಾ,

ನಿನ್ನ ಕಿರುಚಿತ್ರ ನೋಡಿ ಬಂದೆ. ಎಲ್ಲರೂ ಸಮಾನರೆಂದು ಬಡಾಯಿ ಕೊಚ್ಚುವ ಊರಿನಲ್ಲಿ ಜನರೆಲ್ಲ ನೆಲದ ಮೇಲೆ, ಮುಖಂಡನೊಬ್ಬ ಮಾತ್ರ ಮೆತ್ತೆ ಹಾಕಿದ ಕುರ್ಚಿಯ ಮೇಲೆ. "ನಂಗೂ ನೆಲಾನೇ ಇಷ್ಟ ಕಣ್ರಪ್ಪಾ, ಏನ್ಮಾಡ್ಲಿ, ಈ ಸೊಂಟ ಬಿಡ್ಬೇಕಲ್ಲ" ಎಂದು ಅವನು ನರಳಿದಾಗ ಪ್ರೇಕ್ಷಕರು ಬಿದ್ದು ಬಿದ್ದು ನಕ್ಕರು. ನೀನೂ ಹೊಟ್ಟೆ ಹಿಡಿದುಕೊಂಡು ನಕ್ಕೆ.

ಆ ಮಾತು ನೀನು ಬರೆದದ್ದಲ್ಲ, ಆಡಿದ್ದು. "ನಮ್ಮ ತಂಡದಲ್ಲಿ ದೊಡ್ಡೋರು ಚಿಕ್ಕೋರು ಅನ್ನೋದೇ ಇಲ್ಲ" ಎಂದು ಮೊದಲ ದಿನ ಭಾಷಣ ಬಿಗಿದವನು, ಅಂದೇ ನನ್ನ ಹೊಲಿಗೆ ಮೆಷಿನ್ನಿನ ಮುಂದಿದ್ದ ಕುರ್ಚಿಯನ್ನು ಮೆತ್ತೆ ಸಮೇತ ಎತ್ತಿಸಿಕೊಂಡು ಹೋದೆ. ಚಿತ್ರದಲ್ಲಿ ಅದು ಮುಖಂಡನದು, ಶಾಟ್ ಮುಗಿದರೆ ನಿನ್ನದು. ಕೇಳಿದವರಿಗೆಲ್ಲ ಇದೇ ಸೊಂಟದ ಕಥೆ. ಚಿತ್ರದ ಊರಿನವರ ನಲವತ್ತು ಅಂಗಿಗಳನ್ನು ನಾನು ಎಣ್ಣೆ ಡಬ್ಬದ ಮೇಲೆ ಕುಳಿತು ಹೊಲಿದೆ. ನನ್ನ ಸೊಂಟ ನಿನ್ನದಕ್ಕಿಂತ ಒಂಬತ್ತು ವರ್ಷ ಹಳೆಯದು.

ಮುಖಂಡನ ಪಾತ್ರದವನು ಗುಂಡಿ ಹಾಕಿಸಿಕೊಳ್ಳಲು ಬಂದಾಗಲೇ ಹೇಳಿದ್ದ: "ಅಕ್ಕಾ, ನಿಮ್ ತಮ್ಮನ್ನೇ ನೋಡಿ ನೋಡಿ ಮಾಡ್ತಿದೀನಿ. ಅವ್ರಿಗೆ ಗೊತ್ತೇ ಆಗ್ತಿಲ್ಲ!" ನೀನು ಅವನ ಬೆನ್ನು ತಟ್ಟಿ, "ಇಂಥ ಕಳ್ಳನ್ನ ಎಲ್ಲಿ ನೋಡಿದ್ಯೋ!" ಎಂದದ್ದನ್ನು ಕಿವಿಯಾರೆ ಕೇಳಿದೆ.

ಕುರ್ಚಿ ವಾಪಸ್ ಬೇಕು. ಸಹಾಯಕರ ತಲೆಗೆ ಹೊರಿಸಬೇಡ, ನೀನೇ ಹೊತ್ತು ತಾ. ಮೂರನೇ ಮಹಡಿ, ಲಿಫ್ಟ್ ಕೆಟ್ಟಿದೆ. ಆ ನಟನನ್ನೂ ಕರೆದಿದ್ದೇನೆ. ನೀನು ಮೆಟ್ಟಿಲು ಹತ್ತುವುದನ್ನು ನೋಡಬೇಕಂತೆ, ಮುಂದಿನ ಪಾತ್ರಕ್ಕೆ.

ಡಬ್ಬದ ಮೇಲೆ ಕುಳಿತೇ ಬರೆದ,
ನಿನ್ನ ಅಕ್ಕ