ಸಹಿಯ ಕೆಳಗಿನ ಎರಡು ಚುಕ್ಕೆ

ಮಂಗಳವಾರ, ತಾರೀಕು ೧೨

ಪ್ರೀತಿಯ ಅಕ್ಕನಿಗೆ, ತಂಗಿಯ ನಮಸ್ಕಾರಗಳು.

ನಿಮ್ಮ ಎರಡು ಕಾಗದಕ್ಕೂ ಉತ್ತರ ಬರೆಯಲಿಲ್ಲ, ಬೈಯಬೇಡಿ. ಬೈಯಲೇಬೇಕೆಂದಿದ್ದರೆ ಇದನ್ನು ಓದಿ ಮುಗಿಸಿ ಬೈಯಿರಿ. ಮಂಡಿನೋವು ಹೇಗಿದೆ? ನಿವೃತ್ತಿಯಾದ ಮೇಲೂ ಶಾಲೆಗೆ ಹೊರಟವರಂತೆ ಒಂಬತ್ತೂವರೆಗೆ ಸರಿಯಾಗಿ ಚಪ್ಪಲಿ ಮೆಟ್ಟಿ ಬಾಗಿಲಲ್ಲಿ ನಿಲ್ಲುತ್ತೀರಂತೆ, ಭಾವ ಫೋನಿನಲ್ಲಿ ಹೇಳಿ ನಕ್ಕರು. ಇಲ್ಲಿ ನಾಲ್ಕನೇ ತರಗತಿಯವರು ಭಾಗಾಕಾರ ಬಾರದೆ ನನ್ನ ಜೀವ ತಿನ್ನುತ್ತಿದ್ದಾರೆ.

ಅಕ್ಕ, ನನಗೆ ತುಂಬ ಭಯವಾಗುತ್ತಿದೆ. ಶುಕ್ರವಾರ ನಾನು ಸಾಕ್ಷಿ ಕಟಕಟೆ ಹತ್ತಬೇಕು. ಫೋನಿನಲ್ಲಿ ಹೇಳೋಣವೆಂದರೆ ನಮ್ಮ ಮನೆಯ ಗೋಡೆ ತೆಳು.

ಕೇಸು ನಿಮಗೆ ಗೊತ್ತೇ ಇದೆ. ಕಾಯಂ ಶಿಕ್ಷಕರ ಸಂಬಳ ನಮಗೂ ಕೊಡಿ ಎಂದು ನಾವು ಏಳು ಜನ ತಾತ್ಕಾಲಿಕ ಶಿಕ್ಷಕಿಯರು ಕೇಳುತ್ತಿದ್ದೇವೆ. ಶಿಕ್ಷಣ ಕಚೇರಿಯವರದು ಒಂದೇ ರಾಗ: ಪ್ರತಿ ವರ್ಷ ಕೊನೆಯ ದಿನ ಇವರನ್ನು ಕೆಲಸದಿಂದ ಬಿಡಿಸಿದ್ದೇವೆ, ಮಾರನೇ ದಿನ ಹೊಸದಾಗಿ ತೆಗೆದುಕೊಂಡಿದ್ದೇವೆ, ಹದಿನಾಲ್ಕು ವರ್ಷದ ಸೇವೆ ಎಲ್ಲಿಂದ ಬಂತು? ಆ ಒಂದು ದಿನಕ್ಕೆ ‘ಗ್ರಹಣ’ ಎಂದು ಸ್ಟಾಫ್ ರೂಮಿನಲ್ಲಿ ಹೆಸರಿಟ್ಟವರು ನೀವೇ. ಆದರೆ ಒಂಬತ್ತು ವರ್ಷದ ಹಿಂದೆ ಬಿಡಿಸುವ ಆದೇಶ ಬರುವುದು ತಡವಾಯಿತು, ಗ್ರಹಣದ ದಿನವೂ ಶಾಲೆ ನಡೆಯಿತು. ಆ ವರ್ಷದ ಹಾಜರಿ ಪುಸ್ತಕದಲ್ಲಿ ಏಳೂ ಜನರ ಸಹಿ ಇದೆ. ಸೇವೆ ಪ್ರತಿ ವರ್ಷ ಮುರಿದಿಲ್ಲ ಎನ್ನಲು ನಮ್ಮ ಕೈಯಲ್ಲಿರುವ ಸಾಕ್ಷಿ ಅದೊಂದೇ.

ಆ ಏಳರಲ್ಲಿ ನನ್ನ ಸಹಿ ನಾನು ಹಾಕಿದ್ದಲ್ಲವಲ್ಲ ಅಕ್ಕ. ಜ್ವರವೆಂದು ಹೇಳಿಕಳಿಸಿದ್ದೆ. ಗೈರುಹಾಜರಿ ಬಿದ್ದರೆ ಮರುನೇಮಕಕ್ಕೆ ಕಲ್ಲು ಬೀಳುತ್ತದೆಂದು ನೀವು ನನ್ನ ಸಹಿ ಹಾಕಿದಿರಿ. ಹಾಕಿದ್ದು ಹಾಕಿದಿರಿ, ಕೈ ಸುಮ್ಮನಿರಬೇಡವೇ! ನಿಮ್ಮ ಸಹಿಯ ಕೆಳಗೆ ಇಡುವ ಎರಡು ಚುಕ್ಕೆಯನ್ನು ಅಭ್ಯಾಸಬಲದಿಂದ ನನ್ನದರ ಕೆಳಗೂ ಇಟ್ಟಿದ್ದೀರಿ.

ಹೋದ ವಾಯಿದೆಯಲ್ಲಿ ಕಚೇರಿಯ ವಕೀಲರು ಪುಸ್ತಕವನ್ನು ಕಣ್ಣಿನ ಹತ್ತಿರ ಹಿಡಿದು ನೋಡಿದರು. “ಏನ್ ಮೇಡಂ, ಇದೊಂದು ದಿನ ಮಾತ್ರ ಸಹಿಗೆ ಚುಕ್ಕೆ ಬಂದಿದೆಯಲ್ಲಾ? ಇರಲಿ, ಶುಕ್ರವಾರ ಹೇಳೋರಂತೆ” ಎಂದರು. ನಕ್ಕರು ಬೇರೆ. ನಮ್ಮ ವಕೀಲರಿಗೆ ನಿಜ ಹೇಳಿಲ್ಲ. “ನಂದೇ ಅಂತ ಒಂದ್ ಮಾತು ಹೇಳಿ ಇಳಿದುಬಿಡಿ, ಮುಗೀತು” ಅನ್ನುತ್ತಾರೆ ಅವರು. ಹೌದೆಂದರೆ ಪ್ರಮಾಣ ಮಾಡಿ ಸುಳ್ಳು ಹೇಳಿದಂತೆ. ಅಲ್ಲವೆಂದರೆ ಇಡೀ ಪುಸ್ತಕವೇ ಸುಳ್ಳಾಗಿ ಉಳಿದ ಆರು ಜನರ ಹೊಟ್ಟೆಯ ಮೇಲೆ ಹೊಡೆದಂತೆ. ಮೇಲಾಗಿ ಈ ವಯಸ್ಸಿನಲ್ಲಿ ನಿಮ್ಮನ್ನೂ ಕೋರ್ಟಿಗೆ ಎಳೆಯುತ್ತಾರೆ.

ನಮ್ಮಲ್ಲಿ ಹಿರಿಯಳು ಹಾಡಿನ ಮಿಸ್ಸು. ನಿನ್ನೆ ನನ್ನ ಕೈ ಹಿಡಿದು, “ನೀನೇ ದಿಕ್ಕು ಕಣೇ, ಇನ್ನೆರಡು ವರ್ಷಕ್ಕೆ ನನ್ನ ಸರ್ವೀಸಿನ ವಯಸ್ಸೂ ಮುಗಿಯುತ್ತೆ” ಎಂದಳು. ಅವಳ ಮುಖ ನೋಡಲಾಗಲಿಲ್ಲ. ಬೋರ್ಡಿನ ಮೇಲೆ ಬರೆದದ್ದೆಲ್ಲ ಓರೆಯಾಗುತ್ತಿದೆ. “ಮಿಸ್, ನೇರ ಬರೀರಿ” ಎಂದು ಮಕ್ಕಳು ನನ್ನ ಮಾತನ್ನೇ ನನಗೆ ತಿರುಗಿಸಿದರು. ನಿಮ್ಮ ಹೆಸರು ನನ್ನ ಬಾಯಿಂದ ಬರದಂತೆ ನೋಡಿಕೊಳ್ಳುತ್ತೇನೆ. ಬಂದರೆ ಹೊಟ್ಟೆಗೆ ಹಾಕಿಕೊಳ್ಳಿ.

ನಿಮ್ಮ ಮಂಡಿ ಬೇಗ ವಾಸಿಯಾಗಲಿ, ಭಾವ ಹೀಗೇ ನಗುತ್ತಿರಲಿ. ಅಲ್ಲಿಂದಲೇ ನನ್ನ ತಲೆಯ ಮೇಲೆ ಕೈಯಿಟ್ಟು ಹರಸಿ.

ಇಂತಿ,
ನಿಮ್ಮ ತಂಗಿ

ತಾ.ಕ.: ಅಕ್ಕ, ಅವತ್ತು ನನಗೆ ಜ್ವರವಿರಲಿಲ್ಲ. ಮೂರು ತಿಂಗಳಾಗಿತ್ತು. ಬಸುರಿ ಎಂದು ಗೊತ್ತಾದವರನ್ನು ಮತ್ತೆ ತೆಗೆದುಕೊಳ್ಳುತ್ತಿರಲಿಲ್ಲವಲ್ಲ, ಹೆದರಿ ಒಬ್ಬಳೇ ಆಸ್ಪತ್ರೆಗೆ ಹೋಗಿ ತೆಗೆಸಿಕೊಂಡು ಬಂದೆ. ಆಮೇಲೆ ಒಂದೂ ನಿಲ್ಲಲಿಲ್ಲ. ನಾನು ಶಾಲೆಗೇ ಹೋಗಿದ್ದೆ ಎಂದುಕೊಂಡಿದ್ದಾರೆ ನಮ್ಮ ಮನೆಯವರು; ಮಕ್ಕಳ ಯೋಗವಿಲ್ಲ ಬಿಡು ಎಂದು ಇವತ್ತಿಗೂ ನನ್ನನ್ನೇ ಸಮಾಧಾನ ಮಾಡುತ್ತಾರೆ. ಸಹಿ ನನ್ನದಲ್ಲ ಎಂದರೆ, ಹಾಗಾದರೆ ಅವತ್ತು ಎಲ್ಲಿದ್ದಿರಿ ಎಂದು ಆ ವಕೀಲರು ಕೇಳದೆ ಬಿಡುತ್ತಾರೆಯೇ? ಶುಕ್ರವಾರ ನನ್ನ ಧೈರ್ಯಕ್ಕೆಂದು ಇವರೂ ರಜೆ ಹಾಕಿದ್ದಾರೆ. ನನಗೆ ಕಾಣುವ ಹಾಗೆ ಮುಂದಿನ ಬೆಂಚಿನಲ್ಲೇ ಕೂರುತ್ತಾರಂತೆ.