ವರ್ಗಾವಣೆ ರದ್ದಾಯಿತು, ಪುಟ್ಟರಾಜು

ಪುಟ್ಟರಾಜು,

ಇವತ್ತು ಕೋರ್ಟು ನನ್ನ ವರ್ಗಾವಣೆ ರದ್ದು ಮಾಡಿತು. ಸೋಮವಾರದಿಂದ ಮತ್ತೆ ಗುಂಡ್ಲುಪೇಟೆ ಸೊಸೈಟಿಯಲ್ಲೇ, ನಿನ್ನ ಪಕ್ಕದ ಅದೇ ಕುರ್ಚಿ.

ಗೊಬ್ಬರದ ದಾಸ್ತಾನು ಕಡಿಮೆಯಾಯಿತೆಂದು ನನ್ನ ಮೇಲೆ ವಿಚಾರಣೆ ಹೂಡಿ, ಅದು ಮುಗಿಯುವ ಮುಂಚೆಯೇ ಚಾಮರಾಜನಗರಕ್ಕೆ ಹಾಕಿದ್ದರಲ್ಲ? ಅದು ಶಿಕ್ಷೆಯಲ್ಲವೆಂದು ಕೋರ್ಟಿನಲ್ಲಿ ಸೊಸೈಟಿಯವರ ವಾದ. ಸಾಕ್ಷಿಯಾದ ನಿನ್ನ ಮೇಲೆ ನಾನು ಒತ್ತಡ ತರಬಾರದೆಂದು ಮಾಡಿದ್ದಂತೆ. ನಮ್ಮ ವಕೀಲರು ಮೃತ್ಯುಂಜಯ ಎದ್ದು ನಿಂತು, "ಆ ಸಾಕ್ಷಿ ಹೋದ ತಿಂಗಳು ತೀರಿಕೊಂಡಿದ್ದಾರೆ ಮಹಾಸ್ವಾಮಿ. ಇನ್ನು ಯಾರ ಮೇಲೆ ಒತ್ತಡ ತರೋದು?" ಎಂದರು. ಅಷ್ಟಕ್ಕೇ ಗೆದ್ದೆವು.

ನಿನ್ನನ್ನು ಚಾಮರಾಜನಗರದ ಆಸ್ಪತ್ರೆಗೆ ತಂದಾಗ ನನ್ನ ಹೊಸ ಆಫೀಸು ಅದರ ಹಿಂದಿನ ಬೀದಿಯಲ್ಲೇ ಇತ್ತು. "ಸಾಕ್ಷೀನ ನೋಡಕ್ಕೆ ಹೋದ್ರೆ ಕೇಸು ಬಿದ್ದೋಯ್ತದೆ ಕಣ್ರೀ, ಅತ್ತ ತಲೆನೂ ಹಾಕ್ಬ್ಯಾಡಿ" ಎಂದು ವಕೀಲರು ಹೇಳಿದ್ದರು. ಹಾಕಲಿಲ್ಲ.

ಸಂಜೆ ಕೋರ್ಟಿನಿಂದ ನೇರ ನಿಮ್ಮ ಮನೆಗೆ ಹೋದೆ. ನಿನ್ನ ಹೆಂಡತಿ ಶಾಂತಿ ಕಾಫಿ ಕೊಟ್ಟು, ನಿನ್ನ ಫೋಟೋದ ಕಡೆ ನೋಡುತ್ತಾ ಹೇಳಿದಳು: "ಆಸ್ಪತ್ರೇಲಿ ಯಾರ ಕಾಲ್ಸದ್ದು ಕೇಳಿದ್ರೂ ಬಾಗ್ಲು ಕಡೆ ತಿರುಗೋರು ಕಣಣ್ಣ. ನೀವು ಇಲ್ಲೇ ಹಿಂದ್ಗಡೆ ಬೀದೀಲಿದ್ದೀರಿ, ಬಂದೇ ಬತ್ತೀರಿ ಅನ್ನೋರು."

ಗೆದ್ದ ಸುದ್ದಿ ಹೇಳಲೆಂದು ಹೋಗಿದ್ದವನು ಕಾಫಿ ಮುಗಿಸಿ, ಲೋಟ ಕೆಳಗಿಟ್ಟು ಎದ್ದು ಬಂದೆ.